ಬಟ್ಟಲು ಕೊಟ್ಟ ಕೈ: ಯಾಕುಜಾ ಸಿನಿಮಾದ ನಿಷ್ಠೆ ಮತ್ತು ದ್ರೋಹದ ಬಗ್ಗೆ ಪದೇ ಪದೇ ಕೇಳುವ ಪ್ರಶ್ನೆಗಳು

ಜಪಾನಿನ ಗ್ಯಾಂಗ್ ಸಿನಿಮಾಗಳ ಬಗ್ಗೆ ಮಾತಿನಲ್ಲಿ, ಪತ್ರಗಳಲ್ಲಿ ಮತ್ತೆ ಮತ್ತೆ ಬರುವ ಪ್ರಶ್ನೆಗಳು ಇಲ್ಲಿವೆ. ಕೊನೆಯಲ್ಲಿ ಏನಾಯಿತು ಎಂದು ಹೇಳದೆ ದ್ರೋಹದ ಬಗ್ಗೆ ಮಾತಾಡಲು ಬರುವುದಿಲ್ಲ. ಹಾಗಾಗಿ ಮೂರನೇ ಭಾಗದಿಂದ ಮುಂದೆ ಕಥೆಗಳು ಪೂರ್ತಿ ಬಯಲಾಗುತ್ತವೆ. ಸಿನಿಮಾ ನೋಡದವರು ಮೊದಲೆರಡು ಭಾಗ ಓದಿ, ನೋಡಿಕೊಂಡು ಬನ್ನಿ.

### ಶುರು ಮಾಡುವವರಿಗೆ

ಯಾಕುಜಾ ಅಂದ್ರೆ ಏನರ್ಥ? ಅದು ಗ್ಯಾಂಗಿನ ಹೆಸರಾ?

ಅಲ್ಲ. ಅದು ಇಸ್ಪೀಟಿನಂಥ ಒಂದು ಜೂಜಿನಿಂದ ಬಂದ ಪದ. ಆ ಆಟದಲ್ಲಿ ಮೂರು ಎಲೆಗಳ ಮೊತ್ತದ ಕೊನೆಯ ಅಂಕಿಯನ್ನಷ್ಟೇ ಎಣಿಸುತ್ತಾರೆ, 9 ಬಂದರೆ ಗೆಲುವು. 8, 9, 3 ಬಂದರೆ ಮೊತ್ತ 20, ಕೊನೆಯ ಅಂಕಿ ಸೊನ್ನೆ. ಆ ಮೂರು ಅಂಕಿಗಳನ್ನು ‘ಯಾ, ಕು, ಜಾ’ ಎಂದು ಓದುತ್ತಾರೆ. ಕೈಗೆ ಬಂದ ದಂಡದ ಎಲೆ, ಯಾರಿಗೂ ಬೇಡದವನು ಎಂಬ ಅರ್ಥ. ಪ್ರತಿ ಗುಂಪಿಗೆ ಅದರದೇ ಹೆಸರಿರುತ್ತದೆ, ಹೆಸರಿನ ಕೊನೆಗೆ ‘ಗುಮಿ’ ಅಥವಾ ‘ಕಾಯ್’ ಸೇರುತ್ತದೆ.

ಒಬ್ಬರನ್ನೊಬ್ಬರು ಅಪ್ಪ, ಅಣ್ಣ, ಚಿಕ್ಕಪ್ಪ ಅಂತ ಕರೀತಾರಲ್ಲ, ನಿಜವಾಗ್ಲೂ ಸಂಬಂಧಿಕರಾ?

ರಕ್ತಸಂಬಂಧ ಇರುವುದಿಲ್ಲ, ಆದರೆ ಕರೆಯುವುದು ಬರೀ ಬಾಯಿಮಾತೂ ಅಲ್ಲ. ನಾಯಕ ‘ಒಯಾಬುನ್’, ಅಂದರೆ ತಂದೆಯ ಸ್ಥಾನದವನು. ಕೈಕೆಳಗಿನವನು ‘ಕೊಬುನ್’, ಮಗನ ಸ್ಥಾನದವನು. ಮೊದಲು ಸೇರಿದವನು ‘ಅನಿಕಿ’, ಅಣ್ಣ. ನಾಯಕನ ಸಹೋದರ ಸ್ಥಾನದಲ್ಲಿರುವವನು ‘ಒಜಿಕಿ’, ಚಿಕ್ಕಪ್ಪ. ಇಂಗ್ಲಿಷ್ ಸಬ್‌ಟೈಟಲ್ ಇವೆಲ್ಲವನ್ನೂ ‘ಬಾಸ್’, ‘ಬ್ರದರ್’ ಎಂದು ತಟ್ಟಿ ಸಮ ಮಾಡಿಬಿಡುತ್ತದೆ. ಅಲ್ಲೇ ಅರ್ಧ ಕಥೆ ಸೋರಿಹೋಗುತ್ತದೆ. ಮನೆಯಲ್ಲಿ ಅಪ್ಪ, ಚಿಕ್ಕಪ್ಪ, ಅಣ್ಣ ಎಂದು ಸ್ಥಾನ ನೋಡಿ ಕರೆದು ಬೆಳೆದ ಕನ್ನಡಿಗರಿಗೆ ಇದು ಬೇಗ ಹಿಡಿಸುತ್ತದೆ. ಕಿವಿಯನ್ನು ಸಬ್‌ಟೈಟಲಿನ ಮೇಲಲ್ಲ, ‘ಒಯಾಜಿ’ (ಅಪ್ಪ), ‘ಅನಿಕಿ’ (ಅಣ್ಣ), ‘ಕ್ಯೋದಾಯ್’ (ಸೋದರ) ಎಂಬ ಮೂರು ಪದಗಳ ಮೇಲೆ ಇಡಿ. ‘ಅಪ್ಪಾ’ ಎಂದು ಕರೆಯುತ್ತಿದ್ದವನು ಒಂದು ದಿನ ‘ಇಂಥವರೇ’ ಎಂದು ಹೆಸರು ಹಿಡಿದು ಕರೆದರೆ ಅಲ್ಲಿ ಏನೋ ಮುರಿದುಬಿದ್ದಿದೆ ಎಂದೇ ತಿಳಿಯಿರಿ.

ನೂರಾರು ಸಿನಿಮಾ ಇವೆ. ಐದೇ ಐದು ನೋಡ್ಬೇಕು ಅಂದ್ರೆ ಯಾವುದು, ಯಾವ ಕ್ರಮದಲ್ಲಿ?

ಮೊದಲು 1968ರ ‘ಬಕುಚಿಉಚಿ: ಸೋಚೋ ತೊಬಾಕು’, ನಿರ್ದೇಶನ ಕೋಸಾಕು ಯಾಮಾಶಿತಾ. ಇಂಗ್ಲಿಷಿನಲ್ಲಿ ‘ಬಿಗ್ ಟೈಮ್ ಗ್ಯಾಂಬ್ಲಿಂಗ್ ಬಾಸ್’ ಎಂದು ಹುಡುಕಿ. ಎರಡನೆಯದು 1973ರ ‘ಜಿಂಗಿ ನಾಕಿ ತತಕಾಯ್’, ಕಿಂಜಿ ಫುಕಾಸಾಕು ಅವರದು, ಇಂಗ್ಲಿಷಿನಲ್ಲಿ ‘ಬ್ಯಾಟಲ್ಸ್ ವಿದೌಟ್ ಆನರ್ ಆಂಡ್ ಹ್ಯುಮ್ಯಾನಿಟಿ’. ಮೂರನೆಯದು ಅದೇ ಸರಣಿಯ ಮೂರನೇ ಭಾಗ ‘ದೈರಿ ಸೆನ್ಸೋ’, ಅದೂ 1973ರದೇ. ನಾಲ್ಕನೆಯದು ತಕೇಶಿ ಕಿಟಾನೊ ಅವರ 1993ರ ‘ಸೊನಾಟಿನೆ’, ಐದನೆಯದು ಅವರದೇ 2010ರ ‘ಔಟ್‌ರೇಜ್’. ಯಾವುದೂ ಎರಡು ಗಂಟೆ ಮೀರುವುದಿಲ್ಲ.

ಕ್ರಮ ತಪ್ಪಿಸಬೇಡಿ. ಹಲವರು ‘ಔಟ್‌ರೇಜ್’ ಮೊದಲು ನೋಡಿ, ಬರೀ ಹೊಡಿ-ಬಡಿ ಎಂದು ಬಿಟ್ಟುಬಿಡುತ್ತಾರೆ. ಅದರಲ್ಲಿ ಸತ್ತುಹೋಗಿರುವ ಕಟ್ಟುಪಾಡುಗಳು ಬದುಕಿದ್ದಾಗ ಹೇಗಿದ್ದವು ಎಂದು ಗೊತ್ತಿಲ್ಲದವರಿಗೆ ಆ ಸಿನಿಮಾದ ದುಃಖ ಕಾಣಿಸುವುದಿಲ್ಲ.

ಇಪ್ಪತ್ತು ನಿಮಿಷ ಆಗೋದ್ರೊಳಗೆ ಯಾರು ಯಾವ ಗ್ಯಾಂಗು ಅಂತ ಕಳೆದುಹೋಗುತ್ತೆ. ಏನಾದ್ರೂ ಉಪಾಯ ಇದೆಯಾ?

ಇದೆ. ಫುಕಾಸಾಕು ಸಿನಿಮಾ ನೋಡುವಾಗ ಒಂದು ಹಾಳೆ, ಪೆನ್ನು ಇಟ್ಟುಕೊಳ್ಳಿ. ಹೊಸಬ ಬಂದಾಗ ಅವನ ಹೆಸರು, ಗುಂಪು ತೆರೆಯ ಮೇಲೆ ಬರಹದಲ್ಲಿ ಬರುತ್ತದೆ. ಅಲ್ಲಿ ಸಿನಿಮಾ ನಿಲ್ಲಿಸಿ ಬರೆದುಕೊಳ್ಳಿ. ಗುಂಪಿಗೊಂದು ಚೌಕ, ಚೌಕದ ಮೇಲ್ತುದಿಯಲ್ಲಿ ನಾಯಕ. ಅಪ್ಪ-ಮಗನ ಸಂಬಂಧಕ್ಕೆ ಮೇಲಿಂದ ಕೆಳಗೆ ಗೆರೆ, ಅಣ್ಣ-ತಮ್ಮನ ಸಂಬಂಧಕ್ಕೆ ಅಡ್ಡಗೆರೆ. ಸತ್ತವರಿಗೆ ಕಾಟು ಹಾಕಿ, ಸಾವಿನ ದಿನಾಂಕವನ್ನೂ ಸಿನಿಮಾವೇ ತೋರಿಸುತ್ತದೆ.

ಕೆಲವೇ ನಿಮಿಷದಲ್ಲಿ ಒಂದು ವಿಷಯ ಕಣ್ಣಿಗೆ ಹೊಡೆಯುತ್ತದೆ. ಒಂದು ಚೌಕದಿಂದ ಇನ್ನೊಂದು ಚೌಕಕ್ಕೆ ಹೋಗುವ ಅಡ್ಡಗೆರೆ ಎಲ್ಲಿದೆಯೋ ಮುಂದಿನ ಹೆಣ ಬೀಳುವುದು ಅಲ್ಲೇ. ಎರಡು ಕಡೆ ಋಣ ಇರುವವನು ಒಂದು ಕಡೆಗೆ ದ್ರೋಹ ಬಗೆಯದೆ ಬದುಕಲಾರ.

### ಕಟ್ಟುಪಾಡುಗಳು

ಒಂದು ಬಟ್ಟಲು ‘ಸಾಕೆ’ (ಜಪಾನಿನ ಅಕ್ಕಿಯ ಮದ್ಯ) ಕುಡಿದ ಮಾತ್ರಕ್ಕೆ ಜೀವ ಕೊಡೋಷ್ಟು ನಿಷ್ಠೆ ಬಂದುಬಿಡುತ್ತಾ?

ಕುಡಿತ ಅಲ್ಲಿ ನೆಪ, ಮುಖ್ಯವಾದುದು ಸಾಕ್ಷಿ. ‘ಸಕಾಜುಕಿ’ ಎಂಬ ಈ ವಿಧಿಗೆ ದೇವರ ಪೀಠ, ಉಪ್ಪು, ಮೀನು, ಮಧ್ಯಸ್ಥ, ಬೇರೆ ಗುಂಪುಗಳ ಹಿರಿಯರು ಎಲ್ಲರೂ ಬೇಕು. ಅಪ್ಪ-ಮಗನ ಬಟ್ಟಲಾದರೆ ನಾಯಕ ಸ್ವಲ್ಪ ಕುಡಿದು ಕೊಡುತ್ತಾನೆ, ಉಳಿದದ್ದನ್ನು ಕೊಬುನ್ ಮುಗಿಸಿ, ಖಾಲಿ ಬಟ್ಟಲನ್ನು ಕಾಗದದಲ್ಲಿ ಸುತ್ತಿ ಎದೆಯ ಮಡಿಕೆಯೊಳಗೆ ಇಟ್ಟುಕೊಳ್ಳುತ್ತಾನೆ. ಅಣ್ಣ-ತಮ್ಮನ ಬಟ್ಟಲಿಗೆ ಪಾಲಿನ ಲೆಕ್ಕವಿದೆ. ಸರಿಸಮಾನರಾದರೆ 5ಕ್ಕೆ 5, ಒಬ್ಬ ಸ್ವಲ್ಪ ದೊಡ್ಡವನಾದರೆ 6ಕ್ಕೆ 4, ಅಂತರ ಹೆಚ್ಚಿದ್ದರೆ 7ಕ್ಕೆ 3.

ಇಲ್ಲಿ ಗಮನಿಸಬೇಕಾದ್ದು ಪ್ರತಿಜ್ಞೆಯ ರೂಪ. ಅಪ್ಪ ಕಾಗೆಯನ್ನು ಬಿಳಿ ಎಂದರೆ ಬಿಳಿ ಎನ್ನಬೇಕು ಎಂಬುದು ಮಗನಿಗೆ ಕಟ್ಟಿದ ನಿಯಮ. ಅಪ್ಪನಿಗೆ ಅಂಥ ನಿಯಮವೇ ಇಲ್ಲ. ಅವನು ಮಗನನ್ನು ಸಾಕಬೇಕು, ಕಾಪಾಡಬೇಕು ಎಂಬುದು ನಿರೀಕ್ಷೆ ಮಾತ್ರ. ಅವನು ಮಾತು ತಪ್ಪಿದರೆ ಕೇಳುವ ಪಂಚಾಯಿತಿ ಇಲ್ಲ. ನಿಷ್ಠೆ ಕೆಳಗಿನಿಂದ ಮೇಲಕ್ಕೆ ಹರಿಯುತ್ತದೆ, ದ್ರೋಹ ಮೇಲಿನಿಂದ ಕೆಳಕ್ಕೆ ಇಳಿಯುತ್ತದೆ. ಈ ಪ್ರಕಾರದ ಒಳ್ಳೆಯ ಸಿನಿಮಾಗಳೆಲ್ಲ ಈ ಓರೆಯ ಮೇಲೇ ನಿಂತಿವೆ.

ಗಿರಿ, ನಿಂಜೋ, ಜಿಂಗಿ – ಮೂರೂ ಒಂದೇನಾ?

ಬೇರೆ ಬೇರೆ. ‘ಗಿರಿ’ ಎಂದರೆ ತೀರಿಸಲೇಬೇಕಾದ ಋಣ. ಹಳಗನ್ನಡದಲ್ಲಿ ಇದಕ್ಕೆ ಹೇಳಿ ಮಾಡಿಸಿದ ಪದವಿದೆ: ಜೋಳವಾಳಿ. ಒಡೆಯನ ಮನೆಯ ಜೋಳ ಉಂಡವನು ಅವನಿಗಾಗಿ ಕಾದಾಡಬೇಕೆಂಬ ಕಟ್ಟು. ಯಾಕುಜಾ ಸಿನಿಮಾದಲ್ಲಿ ಇದರ ಅತಿ ಬಿಗಿಯಾದ ರೂಪ ‘ಇಶ್ಶುಕು ಇಪ್ಪನ್’, ಒಂದು ರಾತ್ರಿಯ ಮಲಗು, ಒಂದು ಹೊತ್ತಿನ ಊಟ. ದಾರಿಹೋಕ ಜೂಜುಗಾರ ಒಂದು ಗುಂಪಿನಲ್ಲಿ ಅಷ್ಟು ಪಡೆದರೆ ಸಾಕು, ಮರುದಿನ ಅವರು ತೋರಿಸಿದವನ ಮೇಲೆ ಕತ್ತಿ ಎತ್ತಬೇಕು. ಎದುರಿಗಿರುವವನ ಮೇಲೆ ಅವನಿಗೆ ದ್ವೇಷವೇ ಇರುವುದಿಲ್ಲ.

‘ನಿಂಜೋ’ ಎಂದರೆ ಮನಸ್ಸಿನ ಸಹಜ ಮಮತೆ: ಹೆಂಡತಿ, ಗೆಳೆಯ, ಕಣ್ಣೆದುರು ನರಳುವವನು. ಗಿರಿ ಒಂದು ಕಡೆ, ನಿಂಜೋ ಇನ್ನೊಂದು ಕಡೆ ಎಳೆದಾಗ ಕಥೆ ಹುಟ್ಟುತ್ತದೆ. ‘ಜಿಂಗಿ’ ಇಡೀ ನಡತೆಯ ಹೆಸರು. ಬಾಗಿ ನಿಂತು, ಅಂಗೈ ಮೇಲೆ ಮಾಡಿ ಚಾಚಿ, ಊರು-ಗುಂಪು ಹೇಳಿ ಪರಿಚಯ ಮಾಡಿಕೊಳ್ಳುವ ಪದ್ಧತಿಗೂ ಅದೇ ಹೆಸರು. ‘ಜಿಂಗಿ ನಾಕಿ ತತಕಾಯ್’ ಎಂದರೆ ಆ ಜಿಂಗಿಯೇ ಇಲ್ಲದ ಕಾಳಗ.

ಬೆರಳು ಕತ್ತರಿಸಿಕೊಳ್ಳೋದು ಶಿಕ್ಷೆನಾ, ಕ್ಷಮೆ ಕೇಳೋದಾ?

ಎರಡೂ. ಸಾಮಾನ್ಯವಾಗಿ ಎಡಗೈಯ ಕಿರುಬೆರಳಿನ ಮೊದಲ ಗಿಣ್ಣು. ಕತ್ತಿಯ ಹಿಡಿಯನ್ನು ಬಿಗಿಯುವ ಬೆರಳು ಅದು. ಅದು ಹೋದರೆ ಕತ್ತಿ ಸಡಿಲ, ನಾಯಕನ ಆಸರೆ ಇನ್ನೂ ಹೆಚ್ಚು ಬೇಕಾಗುತ್ತದೆ ಎಂಬುದು ಇದಕ್ಕೆ ಕೊಡುವ ವಿವರಣೆ. ತುಂಡನ್ನು ಬಟ್ಟೆಯಲ್ಲಿ ಸುತ್ತಿ ನೊಂದವನ ಮುಂದೆ ಇಡುತ್ತಾರೆ. ಅವನು ಸ್ವೀಕರಿಸಿದರೆ ವಿಷಯ ಮುಗಿಯಿತು.

ಒಂದೊಂದು ಕಾಲದ ಸಿನಿಮಾ ಇದನ್ನು ಹೇಗೆ ತೋರಿಸಿತು ಎಂದು ನೋಡಿದರೆ ಸಾಕು, ನಂಬಿಕೆ ಎಲ್ಲಿಗೆ ಬಂದು ನಿಂತಿದೆ ಎಂದು ತಿಳಿಯುತ್ತದೆ. 1960ರ ದಶಕದಲ್ಲಿ ಅದು ಮೌನವಾದ, ಗಂಭೀರವಾದ ಕೆಲಸ. ‘ಜಿಂಗಿ ನಾಕಿ ತತಕಾಯ್’ನಲ್ಲಿ ಹೇಗೆ ಕತ್ತರಿಸಬೇಕೆಂದೇ ಗಂಡಸರಿಗೆ ಸರಿಯಾಗಿ ಗೊತ್ತಿಲ್ಲ, ನಾಯಕನ ಹೆಂಡತಿ ಹೇಳಿಕೊಡಬೇಕು. ಕತ್ತರಿಸಿದ ತುಂಡು ಅಂಗಳಕ್ಕೆ ಹಾರಿಹೋಗುತ್ತದೆ, ದೊಡ್ಡ ದೊಡ್ಡ ಗಂಡಸರು ಬಗ್ಗಿ ಹುಡುಕುತ್ತಾರೆ, ಕೊನೆಗೆ ಸಿಗುವುದು ಕೋಳಿಗಳ ಹತ್ತಿರ. ಇನ್ನು ‘ಔಟ್‌ರೇಜ್’ನಲ್ಲಿ ಕ್ಷಮೆ ಕೇಳಲು ಬಂದವನ ಕೈಗೆ ಕಾಗದ ಕತ್ತರಿಸುವ ಸಣ್ಣ ಕಟರ್ ಕೊಟ್ಟು ‘ಇದರಲ್ಲೇ ಕತ್ತರಿಸು’ ಎನ್ನುತ್ತಾರೆ. ಬೆರಳು ತುಂಡಾಗುವುದಿಲ್ಲ, ಅವಮಾನ ಮಾತ್ರ ಪೂರ್ತಿಯಾಗುತ್ತದೆ.

ಗುಂಪಿನಿಂದ ಹೊರಗೆ ಹಾಕಿದ್ರೆ ಅಷ್ಟೇನಾ? ಬೇರೆ ಗ್ಯಾಂಗ್ ಸೇರಿಕೊಳ್ಳಬಹುದಲ್ಲ?

ಆಗುವುದಿಲ್ಲ. ‘ಹಾಮೊನ್’ ಎಂಬ ಬಹಿಷ್ಕಾರವಾದರೆ ಎಲ್ಲ ಗುಂಪುಗಳಿಗೂ ಪತ್ರ ಹೋಗುತ್ತದೆ: ಇವನಿಗೂ ನಮಗೂ ಸಂಬಂಧವಿಲ್ಲ, ನೀವೂ ಸೇರಿಸಬೇಡಿ. ಇದನ್ನು ಮುಂದೆ ಹಿಂದಕ್ಕೆ ಪಡೆಯಬಹುದು. ಅದಕ್ಕಿಂತ ಕಠಿಣವಾದದ್ದು ‘ಜೆತ್ಸುಎನ್’, ಶಾಶ್ವತ ಕಡಿತ. ಫುಕಾಸಾಕು ಅವರ 1975ರ ‘ಜಿಂಗಿ ನೊ ಹಕಾಬಾ’ದಲ್ಲಿ ರಿಕಿಯೊ ಇಶಿಕಾವಾ ತನ್ನ ನಾಯಕನ ಮೇಲೇ ಕತ್ತಿ ಎತ್ತಿ, ಹತ್ತು ವರ್ಷ ಟೋಕಿಯೊ ಸುತ್ತಲಿನ ಕಾಂತೊ ಪ್ರದೇಶಕ್ಕೆ ಕಾಲಿಡಬಾರದೆಂಬ ಶಿಕ್ಷೆ ಪಡೆಯುತ್ತಾನೆ. ಗಡುವಿಗೆ ಮೊದಲೇ ವಾಪಸ್ಸು ಬಂದು, ತನಗೆ ಆಸರೆ ಕೊಟ್ಟ ಸೋದರನನ್ನೇ ಕೊಲ್ಲುತ್ತಾನೆ. ಉಂಡ ಮನೆಗೆ ಎರಡು ಬಗೆಯುವವನನ್ನು ಕಥಾನಾಯಕನನ್ನಾಗಿ ಇಟ್ಟು, ಅವನಿಗೆ ಒಂದು ಸಮರ್ಥನೆಯನ್ನೂ ಕೊಡದ ಸಿನಿಮಾ ಅದು. ನೋಡುವುದು ಕಷ್ಟ, ಆದರೆ ಬಿಡಬಾರದು.

### ದ್ರೋಹದ ಒಳಗೆ

ಹಳೇ ಸಿನಿಮಾಗಳಲ್ಲಿ ಹೀರೊ ಕೊನೇ ಹತ್ತು ನಿಮಿಷದವರೆಗೂ ಏಟು ತಿಂತಾನೇ ಇರ್ತಾನೆ. ಯಾಕೆ?

ತಾಳ್ಮೆಯೇ ಆ ಸಿನಿಮಾಗಳ ವಸ್ತು. ತೊಯೆಯ್ ಸ್ಟುಡಿಯೊ 1963ರಿಂದ ಸುಮಾರು ಹತ್ತು ವರ್ಷ ತೆಗೆದ ‘ನಿಂಕ್ಯೊ’ (ಮಾತಿಗೆ ಕಟ್ಟುಬಿದ್ದ ವೀರರ) ಸಿನಿಮಾಗಳು ಬಹುಪಾಲು ಮೇಯ್ಜಿ ಕಾಲದಿಂದ (1868–1912) ಎರಡನೇ ಮಹಾಯುದ್ಧದ ಆಸುಪಾಸಿನವರೆಗೆ ನಡೆಯುತ್ತವೆ. ಹಳೆಯ ಕಟ್ಟುಪಾಡಿನ ಗುಂಪು ಒಂದು, ದುಡ್ಡು-ರಾಜಕೀಯ ಬೆರೆತ ಹೊಸ ಗುಂಪು ಇನ್ನೊಂದು. ಹೊಸಬರು ಒಂದೊಂದಾಗಿ ಕಿತ್ತುಕೊಳ್ಳುತ್ತಾರೆ, ಜನರನ್ನು ಕೊಲ್ಲುತ್ತಾರೆ. ಹೀರೊ ಪಾತ್ರದ ಕೆನ್ ತಕಾಕುರಾ ಅಥವಾ ಕೋಜಿ ತ್ಸುರುತಾ ಹಲ್ಲು ಕಚ್ಚಿ ಕೂರುತ್ತಾನೆ, ಏಕೆಂದರೆ ಸಾಯುವ ಮುನ್ನ ಗುಂಪಿನ ನಾಯಕ ‘ಜಗಳ ಬೇಡ’ ಎಂದಿರುತ್ತಾನೆ. ಕೊನೆಗೆ ಒಬ್ಬನೇ, ಇಲ್ಲವೇ ಎದುರು ಗುಂಪಿನ ಋಣದಿಂದ ಆಗಷ್ಟೇ ಬಿಡಿಸಿಕೊಂಡ ಇನ್ನೊಬ್ಬನ ಜೊತೆ, ರಾತ್ರಿ ಹಾಡಿನೊಂದಿಗೆ ನಡೆದು ಹೋಗುತ್ತಾನೆ. ತಕಾಕುರಾ ಮತ್ತು ರ್ಯೊ ಇಕೆಬೆ ಜೊತೆಯಾದ ‘ಶೋವಾ ಜಂಕ್ಯೋದೆನ್’ ಸರಣಿಯ ಒಂಬತ್ತು ಸಿನಿಮಾಗಳಲ್ಲಿ ಈ ನಡಿಗೆಗಾಗಿಯೇ ಜನ ಕಾದಿರುತ್ತಿದ್ದರು. ಇಲ್ಲಿ ದ್ರೋಹಿ ಯಾವಾಗಲೂ ಹೊರಗಿನವನು, ಕೆಟ್ಟವನು. ಅವನನ್ನು ಕೊಂದರೆ ಲೋಕ ಮತ್ತೆ ಸರಿಹೋಗುತ್ತದೆ.

‘ಸೋಚೋ ತೊಬಾಕು’ ಎಲ್ಲರೂ ಯಾಕೆ ಹೊಗಳ್ತಾರೆ? ನನಗೆ ಬರೀ ಉತ್ತರಾಧಿಕಾರದ ಜಗಳ ಅನ್ನಿಸ್ತು.

ಉತ್ತರಾಧಿಕಾರದ ಜಗಳವೇ, ಆದರೆ ಅದರಲ್ಲಿ ಪ್ರತಿಯೊಬ್ಬನೂ ನಿಯಮದ ಪ್ರಕಾರ ಸರಿ. ಕಥೆ 1934ರದು. ನಾಯಕ ಹಾಸಿಗೆ ಹಿಡಿದಿದ್ದಾನೆ. ನಕಾಯ್‌ಗೆ ಪಟ್ಟ ಕೊಡುತ್ತಾರೆ, ತಾನು ಬೇರೆ ಗುಂಪಿನಿಂದ ಬಂದವನೆಂದು ಅವನು ಒಲ್ಲೆ ಎನ್ನುತ್ತಾನೆ. ಅದು ಸರಿ. ಜೈಲಿನಲ್ಲಿರುವ ತನ್ನ ಸೋದರ ಮತ್ಸುದಾಗೆ ಕೊಡಿ ಎನ್ನುತ್ತಾನೆ. ಅದೂ ಸರಿ. ಹಿರಿಯ ಸೆಂಬಾ ತನಗೆ ಬಗ್ಗುವ ಕಿರಿಯನನ್ನು ಕೂರಿಸುತ್ತಾನೆ. ಗುಂಪು ಒಪ್ಪಿದ ಮೇಲೆ ನಕಾಯ್ ತಲೆಬಾಗುತ್ತಾನೆ. ಮತ್ಸುದಾ ಹೊರಬಂದು ‘ಇದು ಅನ್ಯಾಯ’ ಎನ್ನುತ್ತಾನೆ, ಅದು ಎಲ್ಲಕ್ಕಿಂತ ಸರಿ. ಇಷ್ಟೂ ಸರಿಗಳು ಸೇರಿ ನಕಾಯ್ ತನ್ನ ಹೆಂಡತಿಯನ್ನು ಕಳೆದುಕೊಳ್ಳುತ್ತಾನೆ, ಮತ್ಸುದಾನನ್ನು ತನ್ನ ಕೈಯಿಂದಲೇ ಕೊಲ್ಲುತ್ತಾನೆ.

ಕೊನೆಯಲ್ಲಿ ಸೆಂಬಾ ಎದುರು ನಿಂತಾಗ ಸೆಂಬಾ ಅದೇ ನಿಯಮದ ಗುರಾಣಿ ಹಿಡಿಯುತ್ತಾನೆ: ಚಿಕ್ಕಪ್ಪನ ಮೇಲೆ ಕೈ ಎತ್ತುವೆಯಾ, ಎಲ್ಲಿ ನಿನ್ನ ಧರ್ಮ? ಅಂಥ ಧರ್ಮ ತನಗೆ ಗೊತ್ತಿಲ್ಲ, ತಾನೊಬ್ಬ ಬರೀ ಕೊಲೆಗಾರ ಎಂದು ನಕಾಯ್ ಇರಿಯುತ್ತಾನೆ. ಕಾದಂಬರಿಕಾರ ಯುಕಿಯೊ ಮಿಶಿಮಾ ಈ ಸಿನಿಮಾವನ್ನು ಮೆಚ್ಚಿ ಬರೆದರು. ಚಿತ್ರಕಥೆ ಕಝುವೊ ಕಸಾಹಾರಾ ಅವರದು, ಸೆಂಬಾ ಆಗಿ ನಟಿಸಿದ್ದು ನೊಬುವೊ ಕನೆಕೊ. ಈ ಎರಡು ಹೆಸರು ನೆನಪಿಡಿ.

1973ರಲ್ಲಿ ಅಂಥದ್ದೇನಾಯ್ತು? ಆ ವರ್ಷದಿಂದ ಎಲ್ಲ ಬದಲಾಯ್ತು ಅಂತಾರೆ.

ಕಸಾಹಾರಾ ಬರೆದ, ಫುಕಾಸಾಕು ನಿರ್ದೇಶಿಸಿದ ‘ಜಿಂಗಿ ನಾಕಿ ತತಕಾಯ್’ ಆ ವರ್ಷ ಜನವರಿಯಲ್ಲಿ ತೆರೆಕಂಡಿತು. 1974ರ ಜೂನ್ ಹೊತ್ತಿಗೆ ಐದು ಭಾಗ ಮುಗಿದವು. ಶುರುವಾಗುವುದು ಅಣುಬಾಂಬಿನ ಅಣಬೆ ಮೋಡದ ಚಿತ್ರದಿಂದ, ನಂತರ ಹಿರೋಶಿಮಾ ಹತ್ತಿರದ ಕುರೆ ಪಟ್ಟಣದ 1946ರ ಕಾಳಸಂತೆ. ಯುದ್ಧದಿಂದ ವಾಪಸ್ಸಾದ ಹುಡುಗರು, ಹಿಡಿಯಲು ಕೆಲಸವಿಲ್ಲ. ಕೈಯಲ್ಲಿ ಹಿಡಿದ ಕ್ಯಾಮೆರಾ ಗುಂಪಿನೊಳಗೆ ನುಗ್ಗುತ್ತದೆ, ತೆರೆ ಅಲ್ಲಾಡುತ್ತದೆ, ಯಾರು ಯಾರನ್ನು ಹೊಡೆದರು ಎಂದು ತಿಳಿಯುವ ಮೊದಲೇ ಚಿತ್ರ ಹೆಪ್ಪುಗಟ್ಟಿ ಸಾವಿನ ವಿವರ ಮೂಡುತ್ತದೆ. ಕತ್ತಿ ಹಿಡಿದು ನಡೆಯುವ ಸೊಗಸಿಲ್ಲ. ಕೊಲ್ಲಲು ಬಂದವನ ಕೈ ನಡುಗುತ್ತದೆ, ಗುಂಡು ಗುರಿ ತಪ್ಪುತ್ತದೆ. ಯಾಮಾಮೊರಿ ಎಂಬ ನಾಯಕನ ಗುಂಪಿನ ಹಿರಿಯ ಸಕಾಯ್ ಸಾಯುವುದು ಮಗುವಿಗೆ ಆಟಿಕೆ ಕೊಳ್ಳಲು ಹೋದ ಅಂಗಡಿಯಲ್ಲಿ.

ಆ ಸರಣಿಯ ಯಾಮಾಮೊರಿಯಂಥ ಹೇಡಿ ಬಾಸ್‌ನ ಐದು ಭಾಗದಲ್ಲೂ ಯಾರೂ ಯಾಕೆ ಮುಗಿಸಲ್ಲ?

ಅತಿ ಹೆಚ್ಚು ಬರುವ ಪ್ರಶ್ನೆ ಇದೇ. ಯಾಮಾಮೊರಿ ಕತ್ತಿ ಹಿಡಿಯುವುದಿಲ್ಲ, ಅಳುತ್ತಾನೆ. ಎದುರಾಳಿಯನ್ನು ಮುಗಿಸಬೇಕಾದಾಗ ಹುಡುಗರ ಮುಂದೆ ಕಣ್ಣೀರಿಟ್ಟು ಬೇಡುತ್ತಾನೆ, ಜೈಲಿನಿಂದ ಬಂದ ಮೇಲೆ ತನ್ನದೆಲ್ಲ ನಿನಗೇ ಎನ್ನುತ್ತಾನೆ. ಬುಂತಾ ಸುಗಾವಾರಾ ನಟಿಸಿದ ಹಿರೋನೊ ನಂಬಿ ಕೊಂದು ಒಳಗೆ ಹೋಗುತ್ತಾನೆ. ಹೊರಬಂದಾಗ ಆ ಮಾತು ಗಾಳಿಗೆ ಹೋಗಿರುತ್ತದೆ. ಅಷ್ಟರಲ್ಲಿ ಇದೇ ನಾಯಕ ಹುಡುಗರಿಂದ ಕಿತ್ತುಕೊಂಡ ಮಾದಕ ಮದ್ದನ್ನು ಗುಟ್ಟಾಗಿ ತಾನೇ ಮಾರಿಕೊಂಡಿರುತ್ತಾನೆ.

ಹಾಗಾದರೆ ಯಾಕೆ ಬದುಕಿದ? ಮೂರು ಕಾರಣ. ಒಂದು, ಬಟ್ಟಲು ಕೊಟ್ಟ ಅಪ್ಪನನ್ನು ಕೊಂದವನಿಗೆ ಜಪಾನಿನ ಯಾವ ಗುಂಪೂ ಬಾಗಿಲು ತೆರೆಯುವುದಿಲ್ಲ. ಎರಡು, ಗುಂಪಿನಲ್ಲಿ ಪ್ರತಿಯೊಬ್ಬನ ಸ್ಥಾನವೂ ಅವನಿಂದಲೇ ಬಂದದ್ದು, ಅವನು ಬಿದ್ದರೆ ಎಲ್ಲರ ಪಟ್ಟವೂ ಹೋಗುತ್ತದೆ. ಇದನ್ನು ಸಕಾಯ್ ಬಾಯಲ್ಲಿ ಕಸಾಹಾರಾ ಚೆನ್ನಾಗಿ ಹೇಳಿಸುತ್ತಾರೆ: ನೀವು ನಾವು ಹೊತ್ತು ನಡೆಯುವ ಉತ್ಸವದ ಪಲ್ಲಕ್ಕಿ, ಪಲ್ಲಕ್ಕಿ ತಾನಾಗಿ ನಡೆಯಲಾರದು. ಸಕಾಯ್‌ಗೆ ಅರ್ಥವಾಗದೆ ಹೋದದ್ದು ಇದರ ಇನ್ನೊಂದು ಮಗ್ಗುಲು. ಪಲ್ಲಕ್ಕಿಯಿಲ್ಲದೆ ಹೊರುವವರು ಬರೀ ಬೀದಿಯ ಗುಂಪು. ಮೂರು, ಯಾಮಾಮೊರಿ ಎಂದೂ ಇಬ್ಬರನ್ನು ಒಟ್ಟಿಗೆ ವೈರಿ ಮಾಡಿಕೊಳ್ಳುವುದಿಲ್ಲ. ಒಬ್ಬನನ್ನು ಇನ್ನೊಬ್ಬನಿಂದ ತೆಗೆಸುತ್ತಾನೆ.

ಈ ಯಾಮಾಮೊರಿ ಆಗಿ ನಟಿಸಿದವರು ‘ಸೋಚೋ ತೊಬಾಕು’ವಿನ ಸೆಂಬಾ, ಅದೇ ನೊಬುವೊ ಕನೆಕೊ. 1968ರಲ್ಲಿ ಕಸಾಹಾರಾ ಆ ಮುಖದವನನ್ನು ಕತ್ತಿಯಿಂದ ಇರಿಯಿಸಿದರು. ಐದು ವರ್ಷದ ನಂತರ ಇರಿಯಲಾಗದ ಕುರ್ಚಿಯಲ್ಲಿ ಕೂರಿಸಿದರು. ಮೊದಲ ಭಾಗದ ಕೊನೆಯಲ್ಲಿ ಹಿರೋನೊ ಸಕಾಯ್‌ನ ಶವಸಂಸ್ಕಾರಕ್ಕೆ ಬಂದು, ಕೊಲೆ ಮಾಡಿಸಿದವರೇ ಕಳಿಸಿದ ಹೂವು-ಕಾಣಿಕೆಗಳಿಗೆ ಗುಂಡು ಹಾರಿಸುತ್ತಾನೆ. ನಾಯಕನಿಗೆ ಹೊಡೆಯುವುದಿಲ್ಲ. ಗುಂಡು ಇನ್ನೂ ಉಳಿದಿವೆ ಎಂದಷ್ಟೇ ಹೇಳಿ ಹೊರಡುತ್ತಾನೆ.

### ಆಳಕ್ಕೆ ಇಳಿದವರಿಗೆ

‘ದೈರಿ ಸೆನ್ಸೋ’ದಲ್ಲಿ ಕಾಳಗಕ್ಕಿಂತ ಮಾತೇ ಜಾಸ್ತಿ. ಅದನ್ನ ಯಾಕೆ ಅಷ್ಟು ದೊಡ್ಡದು ಮಾಡ್ತೀರಿ?

ದ್ರೋಹ ಅಲ್ಲಿ ಕೋಣೆಯೊಳಗೆ ನಡೆಯುತ್ತದೆ. ಹೆಸರಿನ ಅರ್ಥವೇ ಬದಲಿ ಯುದ್ಧ. ಕೋಬೆಯ ಎರಡು ದೊಡ್ಡ ಸಂಘಟನೆಗಳು ಹಿರೋಶಿಮಾದ ಸಣ್ಣ ಗುಂಪುಗಳಿಗೆ ಬಟ್ಟಲು ಹಂಚುತ್ತವೆ. ಪುಕ್ಕಲು ಉಚಿಮೊತೊ ಬಲಕ್ಕಾಗಿ ಒಂದರ ಬಟ್ಟಲು ಹಿಡಿಯುತ್ತಾನೆ, ಯಾಮಾಮೊರಿ ಇನ್ನೊಂದರ ಕಡೆ ವಾಲುತ್ತಾನೆ. ಸಕಾಜುಕಿ ಈಗ ಋಣವಲ್ಲ, ರಾಜಕೀಯ ಒಪ್ಪಂದ. ನಾಯಕರು ಸಭೆ ಸೇರುತ್ತಾರೆ, ಹುಡುಗರು ಸಾಯುತ್ತಾರೆ.

ಕೊನೆಯ ದೃಶ್ಯ ನೋಡಿ. ಹಿರೋನೊನ ಬಳಿ ಬೆಳೆದ ಹುಡುಗನೊಬ್ಬನನ್ನು ಸುಟ್ಟು ಬೂದಿ-ಎಲುಬು ತರುವಾಗ ಎದುರಾಳಿಗಳು ಗುಂಡು ಹಾರಿಸುತ್ತಾರೆ, ಎಲುಬು ನೆಲಕ್ಕೆ ಚೆಲ್ಲುತ್ತದೆ. ಹಿರೋನೊ ಇನ್ನೂ ಬಿಸಿಯಿರುವ ಎಲುಬಿನ ಚೂರನ್ನು ಮುಷ್ಟಿಯಲ್ಲಿ ಹಿಸುಕಿ ಹಿಡಿಯುತ್ತಾನೆ. ಆ ಹುಡುಗನಿಗೆ ಅವನೂ ಒಬ್ಬ ಒಯಾಬುನ್ ಆಗಿದ್ದ. ನಾಲ್ಕನೇ ಭಾಗದ ಕೊನೆಗೆ ಶಿಕ್ಷೆಯ ಲೆಕ್ಕ ಬರುತ್ತದೆ. ಎಲ್ಲಕ್ಕೂ ಮೂಲನಾದ ಯಾಮಾಮೊರಿಗೆ ಒಂದೂವರೆ ವರ್ಷ, ಹಿರೋನೊಗೆ ಏಳು ವರ್ಷಕ್ಕೂ ಹೆಚ್ಚು.

ಇವೆಲ್ಲ ನಿಜವಾಗಿ ನಡೆದಿದ್ದಾ?

‘ಜಿಂಗಿ ನಾಕಿ ತತಕಾಯ್’ ಮಟ್ಟಿಗೆ ಬೇರು ನಿಜದಲ್ಲಿದೆ. ಹಿರೋಶಿಮಾ ಕಾಳಗದಲ್ಲಿದ್ದ ಕೋಜೊ ಮಿನೊ ಜೈಲಿನಲ್ಲಿ ಬರೆದ ಟಿಪ್ಪಣಿಗಳನ್ನು ಆಧರಿಸಿ ಪತ್ರಕರ್ತ ಕೋಯಿಚಿ ಈಬೊಶಿ ವಾರಪತ್ರಿಕೆಯಲ್ಲಿ ಬರೆದರು, ಸಿನಿಮಾ ಅದರಿಂದ ಹುಟ್ಟಿತು. ಹೆಸರು ಬದಲಿಸಿದ್ದಾರೆ, ಕೋಬೆಯ ನಿಜವಾದ ಸಂಘಟನೆ ಯಾಮಾಗುಚಿ-ಗುಮಿ ಅಲ್ಲಿ ಅಕಾಶಿ-ಗುಮಿ. ‘ಜಿಂಗಿ ನೊ ಹಕಾಬಾ’ದ ಇಶಿಕಾವಾ ಕೂಡ ನಿಜವಾಗಿ ಬದುಕಿದ್ದವನು, 1956ರಲ್ಲಿ ಜೈಲಿನಲ್ಲೇ ಆತ್ಮಹತ್ಯೆ ಮಾಡಿಕೊಂಡ. ಯಾಕುಜಾಗಳಿಗೆ ಇಷ್ಟವಾಗುವ ಸಿನಿಮಾ ಬೇರೆ, ಇಷ್ಟವಾಗದ್ದು ಬೇರೆ. ಸುಲಿಗೆ ಮಾಡುವ ಯಾಕುಜಾಗಳನ್ನು ಹೆದರುಪುಕ್ಕಲರಾಗಿ ತೋರಿಸಿದ ‘ಮಿಂಬೊ ನೊ ಒನ್ನಾ’ 1992ರಲ್ಲಿ ಬಂದ ಬೆನ್ನಿಗೇ ನಿರ್ದೇಶಕ ಜುಜೊ ಇತಾಮಿ ಅವರ ಮುಖಕ್ಕೆ ಗ್ಯಾಂಗಿನವರು ಚಾಕು ಹಾಕಿದರು.

ಕಿಟಾನೊ ಸಿನಿಮಾದಲ್ಲಿ ಯಾರೂ ಯಾರನ್ನೂ ನಂಬಲ್ಲ. ಹಾಗಾದ್ರೆ ದ್ರೋಹ ಅನ್ನೋ ಮಾತಿಗೇ ಅರ್ಥ ಎಲ್ಲಿದೆ?

‘ಔಟ್‌ರೇಜ್’ನ ಆಜ್ಞೆಗಳು ಮೇಲಿಂದ ಕೆಳಗೆ ಇಳಿಯುವುದನ್ನು ಹಿಂಬಾಲಿಸಿ. ಸಂಘಟನೆಯ ಅಧ್ಯಕ್ಷ ತನ್ನ ಕೈಕೆಳಗಿನ ನಾಯಕ ಇಕೆಮೊತೊಗೆ ಹೇಳುತ್ತಾನೆ: ಜೈಲಿನಲ್ಲಿ ಸೋದರನಾದ ಮುರಾಸೆಯನ್ನು ಸ್ವಲ್ಪ ದೂರವಿಡು. ಇಕೆಮೊತೊಗೆ ಕೈ ಕೊಳೆ ಮಾಡಿಕೊಳ್ಳಲು ಇಷ್ಟವಿಲ್ಲ, ಕೆಳಗಿನ ಒತೊಮೊಗೆ ದಾಟಿಸುತ್ತಾನೆ. ಒತೊಮೊ ಮಾಡುತ್ತಾನೆ. ನಂತರ ಅಧ್ಯಕ್ಷ ಒತೊಮೊನನ್ನೇ ಇಕೆಮೊತೊ ಮೇಲೆ ಬಿಟ್ಟು, ಕೆಲಸವಾದ ಮೇಲೆ ಒತೊಮೊನನ್ನು ಕಳಚುತ್ತಾನೆ. ಅಧ್ಯಕ್ಷನನ್ನು ಅವನ ಬಲಗೈ ಕಾತೊ ಮುಗಿಸುತ್ತಾನೆ. ಸ್ಪಷ್ಟವಾದ ‘ಕೊಲ್ಲು’ ಎಂಬ ಮಾತು ಮೇಲಿನವರ ಬಾಯಿಂದ ಬರುವುದೇ ಕಡಿಮೆ. ಯಾರೂ ನಂಬುವುದಿಲ್ಲ ಎಂಬುದು ಪೂರ್ತಿ ಸರಿಯಲ್ಲ, ಒತೊಮೊ ನಂಬುತ್ತಾನೆ. ಕಂಪನಿಯಂತೆ ನಡೆಯುವ ಗುಂಪಿನಲ್ಲಿ ಇನ್ನೂ ಹಳೆಯ ಬಟ್ಟಲಿನ ಲೆಕ್ಕ ಇಟ್ಟುಕೊಂಡ ಒಬ್ಬನೇ ಅವನು. ‘ಸೊನಾಟಿನೆ’ಯ ಮುರಕಾವಾ ಸಂಧಾನಕ್ಕೆಂದು ಒಕಿನಾವಾಗೆ ಕಳಿಸಿದಾಗಲೇ ಅನುಮಾನ ಪಡುತ್ತಾನೆ, ಆದರೂ ಹೊರಡುತ್ತಾನೆ. ಅವನ ಪ್ರದೇಶ ನಾಯಕನಿಗೆ ಬೇಕಾಗಿತ್ತು, ಅಷ್ಟೇ.

ಈಗಲೂ ಇಂಥ ಸಿನಿಮಾ ಬರ್ತಿವೆಯಾ, ಇಲ್ಲಾ ಎಲ್ಲ ಮುಗೀತಾ?

ಬರುತ್ತಿವೆ, ಕಡಿಮೆ. ಜಪಾನಿನಲ್ಲಿ 1963ರ ಹೊತ್ತಿಗೆ ಸುಮಾರು 1 ಲಕ್ಷ 84 ಸಾವಿರ ಇದ್ದ ಯಾಕುಜಾಗಳು 2024ರ ಕೊನೆಗೆ 20 ಸಾವಿರಕ್ಕಿಂತ ಕೆಳಗಿಳಿದಿದ್ದರು. 1992ರಲ್ಲಿ ಜಾರಿಗೆ ಬಂದ ಗ್ಯಾಂಗ್ ನಿಗ್ರಹ ಕಾನೂನು, 2011ರ ಹೊತ್ತಿಗೆ ಎಲ್ಲ ಪ್ರಾಂತಗಳಿಗೂ ಬಂದ ಬಹಿಷ್ಕಾರ ನಿಯಮಗಳು ಅವರ ಬೇರನ್ನು ಒಣಗಿಸಿದವು. ಕಝುಯಾ ಶಿರಾಯಿಶಿ ಅವರ 2018ರ ‘ಕೊರೊ ನೊ ಚಿ’ ಹಿರೋಶಿಮಾ ಪ್ರಾಂತಕ್ಕೇ ಮರಳಿ, ಪೊಲೀಸನೊಬ್ಬನ ನಿಷ್ಠೆ ಯಾರ ಕಡೆ ಎಂದು ಕೇಳುತ್ತದೆ.

ಮಿಚಿಹಿತೊ ಫುಜಿಯ್ ಅವರ 2021ರ ‘ಯಾಕುಜಾ ತೊ ಕಝೊಕು’ ಇನ್ನೂ ಹತ್ತಿರದ್ದು. ಅದರ ಕೆಂಜಿ ತನ್ನ ಗುಂಪಿನವನ ತಪ್ಪನ್ನು ತಲೆಯ ಮೇಲೆ ಹೊತ್ತು 14 ವರ್ಷ ಜೈಲಿನಲ್ಲಿರುತ್ತಾನೆ. 2019ರಲ್ಲಿ ಹೊರಬಂದಾಗ ಗುಂಪಿನಲ್ಲಿ ಮುದುಕರಷ್ಟೇ ಉಳಿದಿರುತ್ತಾರೆ. ಗುಂಪು ಬಿಟ್ಟರೂ ಐದು ವರ್ಷ ಬ್ಯಾಂಕ್ ಖಾತೆ, ಬಾಡಿಗೆ ಮನೆ, ಕೆಲಸ ಯಾವುದೂ ಸುಲಭಕ್ಕೆ ಸಿಗುವುದಿಲ್ಲ. ಅವನಿಗೆ ಅನ್ನ ಹಾಕಿದ ನಾಯಕ ಈ ಸಿನಿಮಾದಲ್ಲಿ ಮೋಸಗಾರನಲ್ಲ, ಕಾಯಿಲೆಬಿದ್ದ ಒಳ್ಳೆಯ ಮನುಷ್ಯ. ಗುಂಪು ಬಿಟ್ಟು ಹೋಗು ಎಂದು ಕೆಂಜಿಗೆ ಹೇಳುವವನೂ ಅವನೇ.